ಸುಕೃತ್ ಕಣಿವೆಯ ಕಾಲುದಾರಿ

ಕಾಶಿಗೆ ಹೋದ ಕನ್ನಡಿಗರು ಹರಿಶ್ಚಂದ್ರ ಘಾಟಿನ ಪಕ್ಕದಲ್ಲಿರುವ ಕರ್ನಾಟಕ ಘಾಟನ್ನು ಹುಡುಕಿಕೊಂಡು ಹೋಗಿ ಅಲ್ಲೊಂದು ಮುಳುಗು ಹಾಕುವುದುಂಟು. ಮೈಸೂರು ಸಂಸ್ಥಾನದ ಕಾಲದ ಘಾಟು ಅದು. ಅಲ್ಲಿಂದ ಗಂಗೆಯನ್ನು ಎಡಕ್ಕಿಟ್ಟುಕೊಂಡು ಅಸ್ಸಿಯ ಕಡೆಗೆ ನಡೆಯುತ್ತ ಹನುಮಾನ್ ಘಾಟು, ಶಿವಾಲಾ ಘಾಟುಗಳನ್ನು ದಾಟಿದರೆ ನೀರಿನಂಚಿನಿಂದ ನೆಟ್ಟಗೆ ಎದ್ದು ನಿಂತ ಕೋಟೆಗೋಡೆಯೊಂದು ಸಿಗುತ್ತದೆ. ಅದು ಚೇತ್ ಸಿಂಗನ ಅರಮನೆ. 1781ರ ಆಗಸ್ಟ್ 16ರಂದು ಕಾಶಿಯ ರಾಜ ಚೇತ್ ಸಿಂಗ್, ತಲೆಪಾಗುಗಳನ್ನು ಒಂದಕ್ಕೊಂದು ಗಂಟುಹಾಕಿ ಇಳಿಬಿಟ್ಟ ಹಗ್ಗ ಹಿಡಿದು ಈ ದಡದಿಂದಲೇ ನದಿಗಿಳಿದ. ಕಾದಿದ್ದ ದೋಣಿ ಹತ್ತಿ ಆಚೆ ದಡದ ರಾಮನಗರಕ್ಕೆ ದಾಟಿಕೊಂಡ. ಗಂಗೆ ಆಗ ಮಳೆಗಾಲದ ತುಂಬು ಹೊಳೆ.

ಆ ದಿನದಿಂದ ಮುಂದಿನ ಐದು ವಾರ ಕಾಶಿಯ ಸುತ್ತ ನಡೆದದ್ದನ್ನು ದಂಗೆಯೆಂದು ಒಬ್ಬರು ಬರೆದಿದ್ದಾರೆ, ಸ್ವಾತಂತ್ರ್ಯದ ಹೋರಾಟವೆಂದು ಇನ್ನೊಬ್ಬರು. ನನ್ನನ್ನು ಮತ್ತೆ ಮತ್ತೆ ಹಿಡಿದು ನಿಲ್ಲಿಸುವುದು ಅದರೊಳಗಿನ ಬೇರೊಂದು ಎಳೆ. ಅಲ್ಲಿ ಸೋತವರೆಲ್ಲ ಮುಂದಿನ ದಾರಿ ನೋಡಿಕೊಳ್ಳದೆ ಕಾಲಿಟ್ಟವರು. ಯುದ್ಧದ ದಿಕ್ಕು ತಿರುಗಿದ್ದು ಒಬ್ಬ ಊರಿನವನು ಬಂದು, ನನಗೊಂದು ಕಾಲುದಾರಿ ಗೊತ್ತು ಎಂದು ಹೇಳಿದ ಗಳಿಗೆಯಲ್ಲಿ.

ಸೈನ್ಯಕ್ಕಿಂತ ಮುಂದೆ ಹೋಗಿ ನೋಡಿ ಬರುವವನಿಗೆ ಆಗ ದೇಶದುದ್ದಕ್ಕೂ ಇದ್ದ ಹೆಸರು ಹರ್ಕಾರಾ. ಪಾರಸಿಯಿಂದ ಬಂದ ಮಾತು, ಎಲ್ಲ ಕೆಲಸಕ್ಕೂ ಆಗುವವನು ಎಂಬ ಅರ್ಥದ್ದು. ಓಲೆ ಒಯ್ಯುವುದು, ಸುದ್ದಿ ತರುವುದು, ಶತ್ರುವಿನ ಪಾಳೆಯದ ಸುತ್ತ ಸುಳಿದು ಬರುವುದು ಎಲ್ಲವೂ ಅವನದೇ. ಕನ್ನಡದ ಬಾಯಿಗೆ ಬಂದಾಗ ಅದು ‘ಹರಿಕಾರ’ ಆಯಿತು. ಇವತ್ತು ನಾವು ಆಧುನಿಕ ಮೈಸೂರಿನ ಹರಿಕಾರ, ಹೊಸ ಕಾವ್ಯದ ಹರಿಕಾರ ಎಂದೆಲ್ಲ ಬರೆಯುವಾಗ, ದೂಳು ಮೆತ್ತಿದ ಕಾಲಿನಲ್ಲಿ ರಾತ್ರಿಯೆಲ್ಲ ಓಡಿ ಬಂದು ದೊರೆಯ ಗುಡಾರದ ಮುಂದೆ ಏದುಸಿರು ಬಿಡುತ್ತ ನಿಂತ ಆ ಮನುಷ್ಯನನ್ನೇ ನೆನೆಯುತ್ತಿದ್ದೇವೆ, ಅರಿವಿಲ್ಲದೆ. ಭಾಷೆ ಅವನಿಗೆ ಕೊಟ್ಟ ಗೌರವ ಇತಿಹಾಸದ ಪುಸ್ತಕಗಳು ಕೊಟ್ಟದ್ದಕ್ಕಿಂತ ದೊಡ್ಡದು.

ಕಾಶಿಯ ಈ ಕತೆಯ ಬೇರು ಇರುವುದು ನಮ್ಮ ಕಡೆಯಲ್ಲೇ. ಶ್ರೀರಂಗಪಟ್ಟಣದ ದರಿಯಾ ದೌಲತ್ ಅರಮನೆಯ ಗೋಡೆಯ ಮೇಲೆ ಪೊಳ್ಳಿಲೂರು ಯುದ್ಧದ ಚಿತ್ರವಿದೆಯಲ್ಲ, ಅಲ್ಲಿಂದಲೇ ಶುರುಮಾಡಬೇಕು. ಪಲ್ಲಕ್ಕಿಯಲ್ಲಿ ಕುಳಿತ ಈಸ್ಟ್ ಇಂಡಿಯಾ ಕಂಪನಿಯ ಕರ್ನಲ್ ಬೈಲಿ, ಅವನ ಸುತ್ತ ಕೋಟೆಯಂತೆ ಚೌಕ ಕಟ್ಟಿಕೊಂಡ ಕೆಂಪಂಗಿಯ ಸಿಪಾಯಿಗಳು, ನಡುವೆ ಸಿಡಿಯುತ್ತಿರುವ ಮದ್ದಿನ ಬಂಡಿ. 1780ರ ಸೆಪ್ಟೆಂಬರ್ 10ರ ನೋಟ ಅದು. ಕಾಂಚೀಪುರದಲ್ಲಿದ್ದ ಸರ್ ಹೆಕ್ಟರ್ ಮನ್ರೋನ ದೊಡ್ಡ ಸೈನ್ಯಕ್ಕೂ ಬೈಲಿಯ ತುಕಡಿಗೂ ನಡುವೆ ಇದ್ದದ್ದು ಕೆಲವೇ ಹರದಾರಿ. ಬೈಲಿಗೆ ನೆರವಾಗಲೆಂದು ಮನ್ರೋ ಕರ್ನಲ್ ಫ್ಲೆಚರನ ಜೊತೆ ಸಾವಿರ ಜನರನ್ನು ರಾತ್ರಿ ಕಳಿಸಿದ. ಫ್ಲೆಚರನಿಗೆ ಕೊಟ್ಟ ದಾರಿತೋರುಗರು ಹೈದರನ ಸಂಬಳದವರು. ನಡುದಾರಿಯಲ್ಲಿ ಅವನಿಗೆ ಅನುಮಾನ ಹತ್ತಿ, ಅವರು ತೋರಿಸಿದ ದಾರಿ ಬಿಟ್ಟು ಬೇರೆ ಸುತ್ತುದಾರಿ ಹಿಡಿದ, ಅಂದು ಬದುಕಿಕೊಂಡ. ಆದರೆ ಬೈಲಿಯನ್ನು ಕೂಡಿಕೊಂಡ ಮರುದಿನವೇ ಇಬ್ಬರ ಸೈನ್ಯವೂ, ಮೂರೂವರೆ ಸಾವಿರಕ್ಕೂ ಮಿಕ್ಕ ಜನ, ಹೈದರ್ ಮತ್ತು ಟಿಪ್ಪುವಿನ ನಡುವೆ ಸಿಕ್ಕಿ ನುಚ್ಚುನೂರಾಯಿತು. ಮನ್ರೋಗೆ ಫಿರಂಗಿಯ ಸದ್ದು ಕೇಳುತ್ತಿತ್ತು, ಏನಾಗುತ್ತಿದೆಯೆಂಬುದು ಮಾತ್ರ ತಿಳಿಯಲಿಲ್ಲ. ಹೈದರನಿಗೆ ಎರಡೂ ಪಾಳೆಯಗಳ ಚಲನೆ ಅಂಗೈಯ ಗೆರೆಯಂತೆ ಕಾಣುತ್ತಿತ್ತು. ಓದು ಬರಹ ಬಾರದ ಆ ದೊರೆಯ ನೆನಪಿನ ಶಕ್ತಿಯ ಬಗ್ಗೆ ಅವನ ಶತ್ರುಗಳೇ ಬೆರಗಾಗಿ ಬರೆದಿದ್ದಾರೆ. ಹರಿಕಾರರು ಬಾಯಲ್ಲಿ ತಂದದ್ದು ಅವನ ತಲೆಯಲ್ಲಿ ಹಾಗೆಯೇ ಉಳಿಯುತ್ತಿತ್ತು.

ಆ ಸೋಲಿನ ಸುದ್ದಿ ಕಲ್ಕತ್ತೆ ಮುಟ್ಟಿದಾಗ ಗವರ್ನರ್ ಜನರಲ್ ವಾರನ್ ಹೇಸ್ಟಿಂಗ್ಸನಿಗೆ ಬೇಕಾದದ್ದು ಎರಡು: ಹಣ ಮತ್ತು ಕುದುರೆ. ಮರಾಠರೊಡನೆ ಯುದ್ಧ, ಫ್ರೆಂಚರೊಡನೆ ಯುದ್ಧ, ಈಗ ಮೈಸೂರಿನೊಡನೆಯೂ ಯುದ್ಧ. ಬೊಕ್ಕಸ ಬರಿದು. 1775ರಲ್ಲಿ ಅವಧದ ನವಾಬನಿಂದ ಕಂಪನಿಯ ಕೈಸೇರಿದ್ದ ಕಾಶಿ ಸೀಮೆಯ ರಾಜ ಚೇತ್ ಸಿಂಗ್ ವರ್ಷಕ್ಕೆ ಇಪ್ಪತ್ತೆರಡೂವರೆ ಲಕ್ಷ ರೂಪಾಯಿಗೂ ಮಿಕ್ಕ ಕಪ್ಪ ಒಪ್ಪಿಸುತ್ತಲೇ ಇದ್ದ. 1778ರಿಂದ ಅದರ ಮೇಲೆ ಯುದ್ಧದ ಹೆಸರಿನಲ್ಲಿ ವರ್ಷಕ್ಕೆ ಐದು ಲಕ್ಷ ಬಿತ್ತು. ಪೊಳ್ಳಿಲೂರಿನ ನಂತರ ಎರಡು ಸಾವಿರ ಕುದುರೆ ಸವಾರರನ್ನು ಕೇಳಿದರು, ಆಮೇಲೆ ಸಾವಿರಕ್ಕೆ ಇಳಿಸಿದರು. ಐನೂರು ಸವಾರರು, ಐನೂರು ಕಾಲಾಳು ಕೊಡುತ್ತೇನೆಂದ ರಾಜ. ಹೇಸ್ಟಿಂಗ್ಸ್ ಅದನ್ನು ಅವಿಧೇಯತೆಯೆಂದು ಎಣಿಸಿ ಐವತ್ತು ಲಕ್ಷ ದಂಡ ಹಾಕುವುದೆಂದು ಮನಸ್ಸಿನಲ್ಲೇ ತೀರ್ಮಾನಿಸಿಕೊಂಡು 1781ರ ಜುಲೈಯಲ್ಲಿ ಕಲ್ಕತ್ತೆಯಿಂದ ಹೊರಟ. ಬಕ್ಸರಿನಲ್ಲಿ ಎದುರುಗೊಂಡ ಚೇತ್ ಸಿಂಗ್ ತನ್ನ ಪೇಟವನ್ನು ತೆಗೆದು ಹೇಸ್ಟಿಂಗ್ಸನ ತೊಡೆಯ ಮೇಲಿಟ್ಟ. ಅಷ್ಟಕ್ಕೂ ಅವನು ಕರಗಲಿಲ್ಲ. ತಮಿಳು ಸೀಮೆಯ ಒಂದು ಬಯಲಿನಲ್ಲಿ ಮೈಸೂರಿನ ಹರಿಕಾರರು ಮಾಡಿದ ಕೆಲಸದ ಬಿಸಿ ಹೀಗೆ ಗಂಗೆಯ ದಡಕ್ಕೆ ತಟ್ಟಿತು.

ಬೇಹಿನ ಕೆಲಸಕ್ಕೆ ಕಾಶಿಯಷ್ಟು ಹೇಳಿಮಾಡಿಸಿದ ಊರು ಇನ್ನೊಂದಿರಲಿಲ್ಲ. ಎಲ್ಲ ದಿಕ್ಕಿನಿಂದಲೂ ಯಾತ್ರಿಕರು ಬರುವ ಊರು, ಎಲ್ಲ ಭಾಷೆಯೂ ಕಿವಿಗೆ ಬೀಳುವ ಊರು. ಹುಂಡಿ ಬರೆಯುವ ಸಾಹುಕಾರರ ಓಲೆಗಾರರು ಸರ್ಕಾರದ ಟಪಾಲಿಗಿಂತ ಮೊದಲೇ ಸುದ್ದಿ ತರುತ್ತಿದ್ದರು. ಕಾವಿ ಉಟ್ಟವನನ್ನು ಎಲ್ಲಿಂದ ಬಂದೆ, ಎಲ್ಲಿಗೆ ಹೊರಟೆ ಎಂದು ಗದರಿಸಿ ಕೇಳುವವರಿಲ್ಲ. ಇದು ಹೊಸ ಉಪಾಯವೇನಲ್ಲ. ಮೈಸೂರಿನ ಓರಿಯೆಂಟಲ್ ಲೈಬ್ರರಿಯಲ್ಲಿ ಆರ್. ಶಾಮಶಾಸ್ತ್ರಿಗಳಿಗೆ ಸಿಕ್ಕಿ 1909ರಲ್ಲಿ ಅಚ್ಚಾದ ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ತಲೆ ಬೋಳಿಸಿಕೊಂಡ ಮತ್ತು ಜಟೆ ಬಿಟ್ಟ ತಾಪಸರ ವೇಷದ ಗೂಢಪುರುಷರ ಮಾತು ಬರುತ್ತದೆ. ವ್ಯಾಪಾರಿ, ಒಕ್ಕಲಿಗ, ಭಿಕ್ಷುಣಿ ಎಲ್ಲರೂ ಆ ಪಟ್ಟಿಯಲ್ಲಿದ್ದಾರೆ. ಅದರಲ್ಲಿ ನನಗೆ ಹೆಚ್ಚು ಹಿಡಿಸಿದ್ದು ವೇಷಗಳ ಪಟ್ಟಿಯಲ್ಲ. ಒಬ್ಬರಿಗೊಬ್ಬರು ಪರಿಚಯವಿಲ್ಲದ ಮೂವರು ತಂದ ಸುದ್ದಿ ಒಂದೇ ಆಗಿದ್ದರೆ ಮಾತ್ರ ಅದನ್ನು ನಂಬಬೇಕು ಎಂಬ ನಿಯಮ. ಸುಳ್ಳು ಹೇಳುವವನಿಗಿಂತ, ತಾನು ಕಂಡಿದ್ದೇನೆಂದು ತಪ್ಪಾಗಿ ನಂಬಿಕೊಂಡವನು ಸೈನ್ಯಕ್ಕೆ ಹೆಚ್ಚು ಅಪಾಯಕಾರಿ ಎಂಬ ತಿಳಿವು ಅದರ ಹಿಂದಿದೆ.

ಅದೇ ಕಾಶಿಯ ಕಂಟೋನ್ಮೆಂಟಿನಲ್ಲಿ ಇವತ್ತು 39 ಗೂರ್ಖಾ ತರಬೇತಿ ಕೇಂದ್ರವಿದೆ. ಮೂರನೆಯ ಮತ್ತು ಒಂಬತ್ತನೆಯ ಗೂರ್ಖಾ ರೈಫಲ್ಸಿಗೆ ಸೇರುವ ಹುಡುಗರು ಸಿಪಾಯಿಗಳಾಗುವುದು ಇಲ್ಲಿ. ಕಾಲಾಳು ಸೈನ್ಯದಲ್ಲಿ ‘ರೆಕಿ’ ಎಂದು ಎಲ್ಲರ ಬಾಯಲ್ಲಿ ಓಡಾಡುವ ಕೆಲಸದ ಪಾಠವನ್ನು ಎಲ್ಲಿ ಕೇಳಿದರೂ ಅದು ಹರಿಕಾರನ ಪಾಠವೇ. ಹೋಗುವವರು ಕೆಲವೇ ಮಂದಿ. ಹೊರಡುವ ಮುನ್ನ ಮೈಮೇಲಿನ ಪ್ರತಿಯೊಂದು ಬಕಲ್ಲು, ಪ್ರತಿಯೊಂದು ನೀರಿನ ಡಬ್ಬಿ ಸದ್ದು ಮಾಡದಂತೆ ಬಿಗಿಯಬೇಕು, ಒಮ್ಮೆ ಎಗರಿ ನೋಡಬೇಕು. ಬೆಳಕಿನಿಂದ ಕತ್ತಲಿಗೆ ಬಂದ ಕಣ್ಣಿಗೆ ಅರ್ಧ ಗಂಟೆ ಕಾಲಾವಕಾಶ ಕೊಡಬೇಕು. ಕತ್ತಲಲ್ಲಿ ವಸ್ತುವನ್ನು ನೆಟ್ಟಗೆ ದಿಟ್ಟಿಸಿದರೆ ಅದು ಕರಗಿಹೋಗುತ್ತದೆ, ನೋಟವನ್ನು ತುಸು ಪಕ್ಕಕ್ಕಿಟ್ಟರೆ ಕಾಣುತ್ತದೆ. ದೂರವನ್ನು ಹೆಜ್ಜೆಯಲ್ಲಿ ಎಣಿಸಬೇಕು. ಬೆಟ್ಟದ ನೆತ್ತಿಯಲ್ಲಿ ಆಕಾಶಕ್ಕೆ ಅಡ್ಡವಾಗಿ ನಿಲ್ಲಬಾರದು. ಹೋದ ದಾರಿಯಲ್ಲಿ ಮರಳಬಾರದು. ಎಲ್ಲಕ್ಕಿಂತ ಕಷ್ಟದ್ದು, ಎದುರಾಳಿ ಕೈಯಳತೆಯಲ್ಲಿ ಸಿಕ್ಕರೂ ಗುಂಡು ಹಾರಿಸದೆ ಇರುವುದು. ಸಾಹಸಿಯಾದ ಹುಡುಗನಿಗೆ ಇದನ್ನು ಕಲಿಸುವುದಕ್ಕೆ ತಿಂಗಳುಗಳು ಬೇಕು. ನೋಡಲು ಹೋದವನು ಕಾದಾಡಿ ಗೆದ್ದರೂ ಅವನ ಕೆಲಸ ಸೋತಂತೆ, ಏಕೆಂದರೆ ಅಲ್ಲಿಗೆ ಯಾರೋ ಬಂದಿದ್ದರೆಂಬುದು ಶತ್ರುವಿಗೆ ತಿಳಿದುಬಿಡುತ್ತದೆ.

1781ರ ಆಗಸ್ಟ್ 14ರಂದು ಕಾಶಿ ಮುಟ್ಟಿದ ಹೇಸ್ಟಿಂಗ್ಸ್ ಈ ಪಾಠದ ಮೊದಲ ಅಕ್ಷರವನ್ನೂ ಪಾಲಿಸಲಿಲ್ಲ. ಮಾಧೋದಾಸನ ತೋಟದಲ್ಲಿ ಬಿಡಾರ ಹೂಡಿ, ಎರಡೇ ದಿನದಲ್ಲಿ ರಾಜನನ್ನು ಅವನದೇ ಅರಮನೆಯಲ್ಲಿ ಬಂಧನದಲ್ಲಿಡಲು ರೆಸಿಡೆಂಟ್ ಮಾರ್ಕಮ್‌ನನ್ನು ಕಳಿಸಿದ. ಕಾವಲಿಗೆ ಎರಡು ಕಂಪನಿ ಸಿಪಾಯಿಗಳು, ಜೊತೆಗೆ ಸ್ಟಾಕರ್, ಸ್ಕಾಟ್, ಸೈಮ್ಸ್ ಎಂಬ ಮೂವರು ಲೆಫ್ಟಿನೆಂಟರು. ಶಿವಾಲಾದ ಗಲ್ಲಿಗಳು ಎಷ್ಟು ಇಕ್ಕಟ್ಟೆಂದು ಯಾರೂ ನೋಡಿರಲಿಲ್ಲ, ಎದುರಿನ ರಾಮನಗರದಲ್ಲಿ ರಾಜನ ಸೈನಿಕರು ಎಷ್ಟಿದ್ದಾರೆಂದು ಯಾರೂ ಎಣಿಸಿರಲಿಲ್ಲ. ಅದಕ್ಕಿಂತ ಮಿಗಿಲಾಗಿ, ಆ ಸಿಪಾಯಿಗಳ ಬಳಿ ಮದ್ದುಗುಂಡೇ ಇರಲಿಲ್ಲ. ಸುದ್ದಿ ನದಿ ದಾಟಿತು. ರಾಮನಗರದಿಂದ ದೋಣಿ ದೋಣಿಗಳಲ್ಲಿ ಜನ ಬಂದಿಳಿದರು. ಮದ್ದುಗುಂಡು ಹೊತ್ತು ಹೊರಟ ಇನ್ನೊಂದು ಕಂಪನಿ ಗಲ್ಲಿ ತುಂಬಿದ ಜನರನ್ನು ಸೀಳಿ ಒಳಹೋಗಲಾರದೆ ನಿಂತಿತು. ಒಳಗಿದ್ದ ಮೂವರು ಅಧಿಕಾರಿಗಳೂ ಸಿಪಾಯಿಗಳಲ್ಲಿ ಹೆಚ್ಚಿನವರೂ ಕೊಲೆಯಾದರು. ಬೇರೆ ಬೇರೆ ಊರುಗಳಿಂದ ಸಂಬಳಕ್ಕೆ ಬಂದು, ಬರಿಗೈಯಲ್ಲಿ ನಿಲ್ಲಿಸಲ್ಪಟ್ಟು ಸತ್ತ ಆ ಸಿಪಾಯಿಗಳನ್ನು ನೆನೆದರೆ ಇವತ್ತಿಗೂ ಸಂಕಟವಾಗುತ್ತದೆ.

ಅಂದು ರಾಜನ ಕಡೆಯವರಿಗೂ ಕಣ್ಣಿರಲಿಲ್ಲ. ಅಲ್ಲಿಂದ ಬಹಳ ದೂರವೇನಿರದ ತೋಟದಲ್ಲಿ ಹೇಸ್ಟಿಂಗ್ಸ್ ಬೆರಳೆಣಿಕೆಯ ಕಾವಲಿನವರೊಡನೆ ಕುಳಿತಿದ್ದ. ಗುಂಪು ಆ ಕಡೆ ತಿರುಗಿದ್ದರೆ ತಾನು ಉಳಿಯುತ್ತಿರಲಿಲ್ಲವೆಂದು ಆಮೇಲೆ ಅವನೇ ಬರೆದ. ಆದರೆ ಗುಂಪು ರಾಜನ ಹಿಂದೆಯೇ ನದಿ ದಾಟಿ ಹೋಯಿತು.

ನಾಲ್ಕು ದಿನದ ಮೇಲೆ ರಾಮನಗರ. ಮೇಜರ್ ವಿಲಿಯಂ ಪಾಪ್ಹಮ್ ಬಂದು ಸೇರುವವರೆಗೆ, ಫಿರಂಗಿಗಳನ್ನು ಸರಿಯಾದ ಜಾಗದಲ್ಲಿ ಹೂಡುವವರೆಗೆ ಕಾಯಬೇಕಿತ್ತು. ಕ್ಯಾಪ್ಟನ್ ಮೇಯಫ್ರನಿಗೆ ಕೀರ್ತಿಯ ಆತುರ. ಆಗಸ್ಟ್ 20ರಂದು ಅವನು ತನ್ನ ಪಡೆಯನ್ನು ನೇರವಾಗಿ ಪಟ್ಟಣದ ಗಲ್ಲಿಗಳೊಳಕ್ಕೆ ನುಗ್ಗಿಸಿದ. ಎರಡೂ ಬದಿಯ ಮನೆಗಳಿಂದ, ಮಾಳಿಗೆಗಳಿಂದ ಗುಂಡಿನ ಮಳೆ. ಮೇಯಫ್ರ್ ಸತ್ತ, ಜೊತೆಯ ಕ್ಯಾಪ್ಟನ್ ಡಾಕ್ಸಾಟ್ ಸತ್ತ, ನೂರಕ್ಕೂ ಹೆಚ್ಚು ಸಿಪಾಯಿಗಳು ಆ ಗಲ್ಲಿಗಳಲ್ಲೇ ಬಿದ್ದರು. ಇಡೀ ಸೀಮೆ ಎದ್ದು ನಿಂತಿತು. ಮರುದಿನ ರಾತ್ರಿ ಹೇಸ್ಟಿಂಗ್ಸ್ ಗಾಯಾಳುಗಳನ್ನು ಕಾಶಿಯಲ್ಲೇ ಬಿಟ್ಟು ಚುನಾರ್ ಕೋಟೆಗೆ ಓಡಿದ. ಆ ಓಟದ ಮೇಲೆ ಬನಾರಸಿನ ಜನ ಕಟ್ಟಿದ ಒಂದು ಪದ ಬಹುಕಾಲ ಅಲ್ಲಿನವರ ಬಾಯಲ್ಲಿತ್ತು.

ಗಂಗೆಯ ತಿರುವಿನಲ್ಲಿ ಬಂಡೆಯ ಮೇಲೆ ಕುಳಿತ ಚುನಾರ್ ಕೋಟೆಯಿಂದ ಹೇಸ್ಟಿಂಗ್ಸನಿಗೆ ಹೊರಜಗತ್ತು ಮುಚ್ಚಿಹೋಯಿತು. ಟಪಾಲಿನ ದಾರಿಗಳನ್ನು ಕಡಿದಿದ್ದರು, ಓಲೆ ಒಯ್ಯುವವರನ್ನು ತಡೆದು ಶೋಧಿಸುತ್ತಿದ್ದರು. ಆಗ ಕೆಲಸಕ್ಕೆ ಬಂದದ್ದು ಹರಿಕಾರರ ಕಿವಿ. ದೂರ ಪ್ರಯಾಣ ಹೊರಟವರು ಕಳ್ಳರ ಭಯಕ್ಕೆ ಚಿನ್ನದ ಒಂಟಿ ತೆಗೆದಿಟ್ಟು, ತೂತು ಮುಚ್ಚದಿರಲೆಂದು ಅದರಲ್ಲಿ ಗರಿಯ ದಂಟನ್ನೋ ಕಾಗದದ ಸುರುಳಿಯನ್ನೋ ತೂರಿಸಿಕೊಳ್ಳುವುದು ಆಗಿನ ವಾಡಿಕೆ. ಯಾರೂ ಎರಡನೆಯ ಸಲ ನೋಡುವಂಥದ್ದಲ್ಲ. ಹೇಸ್ಟಿಂಗ್ಸ್ ಚಿಕ್ಕ ಚೀಟಿಗಳಲ್ಲಿ ಬರೆದು ಸುರುಳಿ ಸುತ್ತಿ ಆ ತೂತಿನಲ್ಲಿಟ್ಟು ಕಳಿಸಿದ. ಬೇರೆ ಬೇರೆ ದಂಡುಗಳಿಗೆ ಹೊರಟುಬರುವಂತೆ ಆಜ್ಞೆ ಹೋದದ್ದು ಹಾಗೆ, ತಾನು ಕ್ಷೇಮವೆಂದು ಹೆಂಡತಿಗೆ ತಿಳಿಸಿದ್ದು ಹಾಗೆ, ಮರಾಠರೊಡನೆ ಸಂಧಿ ನಡೆಸುತ್ತಿದ್ದ ದೂತನಿಗೆ ಸೂಚನೆ ಮುಟ್ಟಿದ್ದೂ ಹಾಗೆಯೇ. ಒಂದು ಸಾಮ್ರಾಜ್ಯದ ರಾಜತಂತ್ರ ಕೆಲವು ವಾರ ಬಡ ಓಲೆಗಾರರ ಕಿವಿಯ ಹಾಲೆಯಲ್ಲಿ ತೂಗಿತ್ತು. ಸಿಕ್ಕಿಬಿದ್ದಿದ್ದರೆ ಅವರ ಗತಿ ಏನಾಗುತ್ತಿತ್ತೆಂದು ಹೇಳಬೇಕಿಲ್ಲ.

ದಂಡುಗಳು ಬಂದು ಸೇರಿದವು. ಸೆಪ್ಟೆಂಬರ್ ಮೊದಲ ವಾರದಲ್ಲಿ ಚುನಾರಿನ ಹತ್ತಿರದ ಪತೀತಾ ಕೋಟೆಯ ಬಳಿ ಒಂದು ದಾಳಿ ನಡೆದು, ಅಲ್ಲಿ ಸತ್ತವರ, ಗಾಯಗೊಂಡವರ ಲೆಕ್ಕ ನೋಡಿದಾಗ ಎದುರಿನಿಂದ ನುಗ್ಗುವ ಯುದ್ಧ ಎಷ್ಟು ದುಬಾರಿಯೆಂಬುದು ಎಲ್ಲರಿಗೂ ಮನದಟ್ಟಾಯಿತು. ಪತೀತಾದ ಆಚೆ ಬೆಟ್ಟ ಕಾಡುಗಳ ನಡುವೆ ಲತೀಫ್‌ಪುರ, ಅಲ್ಲಿ ಸ್ವತಃ ಚೇತ್ ಸಿಂಗ್. ಲತೀಫ್‌ಪುರದ ಬೆನ್ನಿಗೆ ಸುಕೃತ್ ಕಣಿವೆ. ಪತೀತಾ ಬಿದ್ದರೆ ಲತೀಫ್‌ಪುರ, ಲತೀಫ್‌ಪುರ ಬಿದ್ದರೆ ಸುಕೃತ್ ಎಂದು ರಾಜ ಹಿಂದೆ ಹಿಂದೆ ಸರಿಯುತ್ತ ಹೋಗಬಹುದಿತ್ತು. ಧಾನ್ಯ, ಜನ ಬರುತ್ತಿದ್ದದ್ದೂ ಆ ಕಣಿವೆಯಿಂದಲೇ.

ಚುನಾರಿನ ನಿವಾಸಿ ಬುಂದು ಖಾನ್ ಬಂದದ್ದು ಆಗ. ಅವನು ಹೇಳಿದ್ದು ಇಷ್ಟು: ಮೊದಲು ಹಿಡಿಯಬೇಕಾದದ್ದು ಕೊನೆಯಲ್ಲಿರುವ ಸುಕೃತ್ ಕಣಿವೆಯನ್ನು. ಹೆದ್ದಾರಿಯಲ್ಲಿ ಹೋದರೆ ಶತ್ರುವಿಗೆ ತಿಳಿಯುತ್ತದೆ, ಹೋಗಲೂ ಆಗುವುದಿಲ್ಲ. ಆದರೆ ಬೆಟ್ಟಗಳ ನಡುವೆ ಸುತ್ತಿಕೊಂಡು ಹೋಗುವ ಇನ್ನೊಂದು ದಾರಿ ತನಗೆ ಗೊತ್ತು. ಒಂದು ದಂಡು ಆ ದಾರಿಯಲ್ಲಿ ಗುಟ್ಟಾಗಿ ಹೋಗಲಿ, ಇನ್ನೊಂದು ಪತೀತಾವನ್ನು ಎದುರಿನಿಂದ ಹಿಡಿದಿರಲಿ.

ಈ ಮಾತನ್ನು ಕೇಳಿಸಿಕೊಳ್ಳುವ ಕಿವಿ ಪಾಪ್ಹಮ್‌ಗಿತ್ತು. ಹಿಂದಿನ ವರ್ಷದ ಆಗಸ್ಟ್ 3ರ ರಾತ್ರಿ, ಯಾರೂ ಹತ್ತಲಾರರೆಂದು ಹೆಸರಾಗಿದ್ದ ಗ್ವಾಲಿಯರ್ ಕೋಟೆಯನ್ನು ಅವನು ಹಿಡಿದದ್ದು ಫಿರಂಗಿಯಿಂದಲ್ಲ. ಗೋಹದ್ ರಾಣಾನ ಕಡೆಯ ಜನ, ಕಳವಿಗೆಂದು ಆ ಬಂಡೆ ಹತ್ತಿ ಇಳಿದು ಬಲ್ಲವರು, ಒಂದು ಜಾಗ ತೋರಿಸಿದ್ದರು. ಹತ್ತಿ ತುಂಬಿ ಹೊಲಿದ ಮೆಟ್ಟು ತೊಟ್ಟು, ಸದ್ದಿಲ್ಲದೆ, ಜಾರದೆ ಸಿಪಾಯಿಗಳು ಏಣಿ ಹತ್ತಿದ್ದರು. ಕ್ಯಾಪ್ಟನ್ ಬ್ರೂಸ್ ಮುಂದಾಳು. ಊರಿನವನ ಕಾಲಿಗೆ ಗೊತ್ತಿರುವುದು ಯಾವ ನಕ್ಷೆಯಲ್ಲೂ ಇರುವುದಿಲ್ಲವೆಂಬುದನ್ನು ಆ ರಾತ್ರಿ ಅವನಿಗೆ ಕಲಿಸಿತ್ತು.

ಸೆಪ್ಟೆಂಬರ್ 15ರ ರಾತ್ರಿ ಮೇಜರ್ ಕ್ರಾಬ್‌ನ ದಂಡು ಬುಂದು ಖಾನನ ಹಿಂದೆ ಬೆಟ್ಟದ ಕಡೆ ಹೊರಟಿತು. ಮಳೆಗಾಲ ಇನ್ನೂ ಪೂರ್ತಿ ತೀರಿರಲಿಲ್ಲ. ಪಾಪ್ಹಮ್ ಪತೀತಾದ ಮುಂದೆ ಫಿರಂಗಿ ಹೂಡಿ ಶತ್ರುವಿನ ಕಣ್ಣನ್ನು ಅಲ್ಲೇ ಕಟ್ಟಿಹಾಕಿದ. ಕೋಟೆಯ ಮಣ್ಣಿನ ಗೋಡೆಗೆ ಗುಂಡು ನಾಟಲಿಲ್ಲ. ಕೊನೆಗೆ 20ರ ಬೆಳಗ್ಗೆ ಅವನು ನುಗ್ಗಿ ಪತೀತಾವನ್ನು ಹಿಡಿದ. ಅದೇ ದಿನ, ಹಲವು ಹರದಾರಿ ಆಚೆ, ಕ್ರಾಬ್ ಯಾರೂ ನಿರೀಕ್ಷಿಸದ ದಿಕ್ಕಿನಿಂದ ಸುಕೃತ್ ಕಣಿವೆಯ ಮೇಲೆ ಬಂದೆರಗಿದ. ಮುಂದಿನ ಬಾಗಿಲೂ ಹಿಂದಿನ ಬಾಗಿಲೂ ಒಂದೇ ದಿನ ಮುರಿದವು. ಚೇತ್ ಸಿಂಗ್ ಲತೀಫ್‌ಪುರ ಬಿಟ್ಟು ವಿಜಯಗಢಕ್ಕೆ ಓಡಿದ. ಅವನ ಕಡೆ ಸೇರಿದ್ದ ಸಾವಿರಾರು ಜನ ತಮ್ಮ ತಮ್ಮ ಹಳ್ಳಿಗಳಿಗೆ ಚದುರಿಹೋದರು. ಸೆಪ್ಟೆಂಬರ್ ಮುಗಿಯುವುದರೊಳಗೆ ಹೇಸ್ಟಿಂಗ್ಸ್ ಮತ್ತೆ ಕಾಶಿಯಲ್ಲಿದ್ದ.

ಮುಂದಿನದನ್ನು ಬೇಗ ಹೇಳಿಬಿಡಬಹುದು. ನವೆಂಬರಿನಲ್ಲಿ ವಿಜಯಗಢ ಶರಣಾಯಿತು. ಅಲ್ಲಿ ಸಿಕ್ಕ ಖಜಾನೆಯನ್ನು ದಂಡಿನವರೇ ಹಂಚಿಕೊಂಡರು. ಹೈದರನೊಡನೆ ಕಾದಾಡಲು ಹಣಕ್ಕೆಂದು ಬಂದಿದ್ದ ಗವರ್ನರ್ ಜನರಲ್‌ಗೆ ಅದರಲ್ಲಿ ಏನೂ ದಕ್ಕಲಿಲ್ಲ. ಕಾಶಿಯ ಗದ್ದುಗೆಗೆ ಹುಡುಗ ಮಹೀಪ್ ನಾರಾಯಣ್ ಸಿಂಗನನ್ನು ಕೂರಿಸಿ ಕಪ್ಪವನ್ನು ನಲವತ್ತು ಲಕ್ಷಕ್ಕೆ ಏರಿಸಿದರು. ಆ ಭಾರ ಬಿದ್ದದ್ದು ರೈತರ ಬೆನ್ನ ಮೇಲೆ. ಚೇತ್ ಸಿಂಗ್ ಗ್ವಾಲಿಯರಿನಲ್ಲಿ ಸಿಂಧಿಯಾನ ಆಶ್ರಯದಲ್ಲಿ ಉಳಿದು 1810ರಲ್ಲಿ ತೀರಿಕೊಂಡ. ಇಂಗ್ಲೆಂಡಿನಲ್ಲಿ ಹೇಸ್ಟಿಂಗ್ಸನ ಮೇಲೆ ಹೊರಿಸಿದ ಆರೋಪಗಳಲ್ಲಿ ಕಾಶಿಯ ಪ್ರಕರಣವೂ ಒಂದಾಯಿತು.

ಬುಂದು ಖಾನ್ ಮಾಡಿದ್ದು ಸರಿಯೇ ಎಂದು ಯಾರಾದರೂ ಕೇಳಿದರೆ, ಇಲ್ಲ ಎಂದೇ ನಾನು ಹೇಳುತ್ತೇನೆ. ಅವನ ಕಾಲುದಾರಿಯಲ್ಲಿ ನಡೆದು ಬಂದದ್ದು ಅವನ ಸೀಮೆಯನ್ನು ಹಿಂಡಿದ ಆಡಳಿತ. ಆದರೆ ಅವನಿಗಿದ್ದ ನೋಟ ಆ ಯುದ್ಧದ ಯಾವ ಸೇನಾಪತಿಗೂ ಇರಲಿಲ್ಲ ಎಂಬುದನ್ನೂ ಹೇಳಲೇಬೇಕು. ಕೋಟೆಯನ್ನಲ್ಲ, ಕೋಟೆಯ ಬೆನ್ನನ್ನು ನೋಡಬೇಕೆಂದು ಹೇಳಿದವನು ಅವನೊಬ್ಬನೇ. ಪೊಳ್ಳಿಲೂರಿನ ಹರಿಕಾರರಲ್ಲಿ ಒಬ್ಬನ ಹೆಸರೂ ನಮ್ಮ ಬಾಯಲ್ಲಿಲ್ಲ, ದರಿಯಾ ದೌಲತ್ತಿನ ಅಷ್ಟು ದೊಡ್ಡ ಗೋಡೆಯಲ್ಲಿ ಆನೆ, ಕುದುರೆ, ಫಿರಂಗಿಗಳ ನಡುವೆ ಅವರನ್ನು ಇವರೇ ಎಂದು ಗುರುತಿಸುವಂತಿಲ್ಲ. ಕಿವಿಯಲ್ಲಿ ಚೀಟಿ ಹೊತ್ತವರ ಹೆಸರನ್ನೂ ಯಾರೂ ಕಾಪಾಡಲಿಲ್ಲ. ಬುಂದು ಖಾನ್ ಉಳಿದದ್ದು ಹೇಸ್ಟಿಂಗ್ಸ್ ತನ್ನ ಸಮರ್ಥನೆಗೆಂದು ಬರೆದು ಅಚ್ಚು ಹಾಕಿಸಿದ ಕಥನದ ಕೆಲವು ಸಾಲುಗಳಲ್ಲಿ.

ಕಂಪನಿ ಪಾಠ ಕಲಿತುಕೊಂಡಿತು. ಟಿಪ್ಪುವಿನ ಮೇಲೆ ಕಾರ್ನ್‌ವಾಲಿಸ್ ಬಂದಾಗ ಅವನ ಸೈನ್ಯದಲ್ಲಿ ದಾರಿ ಅಳೆಯುವುದಕ್ಕೂ ಸುಳಿವು ತರುವುದಕ್ಕೂ ‘ಗೈಡ್ಸ್’ ಎಂಬ ಪ್ರತ್ಯೇಕ ಪಡೆಯೇ ಇತ್ತು. ಅಲೆಕ್ಸಾಂಡರ್ ಬೀಟ್ಸನ್ ಅದರ ಅಧಿಕಾರಿಗಳಲ್ಲಿ ಒಬ್ಬ. ಕಾಶಿಯ ಗಲ್ಲಿಗಳೂ ಕೊನೆಗೆ ಕಾಗದಕ್ಕೆ ಇಳಿದವು. ಅಲ್ಲಿನ ಟಂಕಸಾಲೆಗೆ ಬಂದ ತರುಣ ಜೇಮ್ಸ್ ಪ್ರಿನ್ಸೆಪ್ 1822ರಲ್ಲಿ ಊರನ್ನು ಅಳೆದು ನಕ್ಷೆ ಬರೆದ. ಸ್ಟಾಕರನ ಸಿಪಾಯಿಗಳು ಶಿವಾಲಾದಲ್ಲಿ ಸಿಕ್ಕಿಬಿದ್ದು ಆಗಲೇ ನಲವತ್ತೊಂದು ವರ್ಷ ಕಳೆದಿತ್ತು.

ವಾರಾಣಸಿಯಿಂದ ಗಂಗೆ ದಾಟಿ ದಕ್ಷಿಣಕ್ಕೆ ಸೋನಭದ್ರದ ರಾಬರ್ಟ್ಸ್‌ಗಂಜಿಗೆ ಹೋಗುವ ಬಸ್ಸು ಅಹ್ರೌರಾ ಕಳೆದ ಮೇಲೆ ವಿಂಧ್ಯದ ಬೆಟ್ಟ ಹತ್ತುತ್ತದೆ. ಸುಕೃತ್ ಈಗ ಆ ಹೆದ್ದಾರಿಯ ಮೇಲಿನ ಒಂದು ಊರು. ಕಲ್ಲು ಹೇರಿದ ಲಾರಿಗಳು ಸಾಲಾಗಿ ಏರು ಹತ್ತುತ್ತವೆ. ಬುಂದು ಖಾನ್ ಬೇಡವೆಂದ ದಾರಿ ಈ ನೇರ ದಾರಿ. ಅವನು ಕ್ರಾಬ್‌ನ ದಂಡನ್ನು ಕರೆದೊಯ್ದದ್ದು ಇದನ್ನು ಬಿಟ್ಟು, ಪೊದೆಯೂ ಒಡೆದ ಮರಳುಗಲ್ಲೂ ತುಂಬಿದ ಬೆಟ್ಟಗಳ ಸಂದಿನಲ್ಲಿ.